ಕಳೆದದ್ದಕ್ಕೆ ಕ್ರಮವಿಲ್ಲ

ಕಾಲವನ್ನು ತಡೆದು ನಿಲ್ಲಿಸುವ, ಹಿಂದಕ್ಕೆ ತಿರುಗಿಸುವ, ಬೇಕಾದಲ್ಲಿ ಹಿಗ್ಗಿಸುವ ವಿದ್ಯೆಯೊಂದಿದೆ, ಅದನ್ನು ಬಲ್ಲವರ ಗುಪ್ತಸಂಘವಿದೆ, ಆ ಸಂಘಕ್ಕೊಂದು ಕೈಪಿಡಿಯೂ ಇದೆ: ಈ ಕಲ್ಪನೆ ಇಂದಿನ ಕಾದಂಬರಿ, ಸಿನಿಮಾ, ಕಂಪ್ಯೂಟರ್ ಆಟಗಳಲ್ಲಿ ಮತ್ತೆ ಮತ್ತೆ ಬರುತ್ತದೆ. ಅದನ್ನು ಹುಡುಗಾಟವೆಂದು ತಳ್ಳಿಹಾಕಲು ನನಗೆ ಮನಸ್ಸಿಲ್ಲ. ಆಡಿದ ಮಾತನ್ನು ಹಿಂದಕ್ಕೆ ತೆಗೆದುಕೊಳ್ಳಬೇಕು, ಆಗಬಾರದಿತ್ತು ಎನ್ನಿಸುವುದನ್ನು ಆಗದಂತೆ ಮಾಡಬೇಕು ಎಂಬ ಹಂಬಲ ಮನುಷ್ಯನ ಆಳವಾದ ಹಂಬಲಗಳಲ್ಲೊಂದು. ಆದ್ದರಿಂದಲೇ ಪ್ರಶ್ನೆಯನ್ನು ಗಂಭೀರವಾಗಿ ಕೇಳಬೇಕು: ಸಾಧನೆಯಿಂದ ಅಸಾಧಾರಣ ಶಕ್ತಿಗಳು ಬರುತ್ತವೆ ಎಂದು ನಿಜವಾಗಿ ನಂಬಿದವರು ಕಾಲದ ಬಗ್ಗೆ ಎಂಥ ಕೈಪಿಡಿ ಬರೆದಾರು? ನಮ್ಮಲ್ಲಿ ಇದಕ್ಕೆ ತೀರ ಹತ್ತಿರ ಬರುವುದು ಪತಂಜಲಿಯ ಯೋಗಸೂತ್ರದ ಮೂರನೆಯ ಅಧ್ಯಾಯವಾದ ವಿಭೂತಿಪಾದ, ಜೊತೆಗೆ ವ್ಯಾಸರ ಹೆಸರಿನಲ್ಲಿರುವ ಅದರ ಭಾಷ್ಯ.

ವಿಭೂತಿಪಾದ ಸಿದ್ಧಿಗಳ ವಿಷಯದಲ್ಲಿ ಜಿಪುಣತನ ತೋರಿಸುವುದಿಲ್ಲ. ಅಲ್ಲಿ ಯೋಗಿ ಆನೆಯ ಬಲ ಪಡೆಯುತ್ತಾನೆ, ಕಣ್ಣಿಗೆ ಕಾಣದಂತಾಗುತ್ತಾನೆ, ಪರಕಾಯ ಪ್ರವೇಶ ಮಾಡುತ್ತಾನೆ, ನೀರು ಕೆಸರು ಮುಳ್ಳುಗಳ ಸೋಂಕಿಲ್ಲದೆ ನಡೆಯುತ್ತಾನೆ, ಆಕಾಶದಲ್ಲಿ ಸಂಚರಿಸುತ್ತಾನೆ, ಕೊನೆಗೆ ಪಂಚಭೂತಗಳನ್ನೇ ಗೆಲ್ಲುತ್ತಾನೆ. ಇವೆಲ್ಲ ಲೋಕದ ಮೇಲೆ ಏನನ್ನಾದರೂ ಮಾಡುವ ಶಕ್ತಿಗಳು. ಆದರೆ ಕಾಲದ ಮಾತು ಬಂದಲ್ಲೆಲ್ಲ ಸೂತ್ರಕಾರನ ಭಾಷೆ ಬದಲಾಗುತ್ತದೆ. 16ನೆಯ ಸೂತ್ರ ಕೊಡುವುದು ಭೂತ ಭವಿಷ್ಯಗಳ ಜ್ಞಾನ. ಸಂಸ್ಕಾರಗಳ ಸಾಕ್ಷಾತ್ಕಾರದಿಂದ ಸಿಗುವುದು ಹಿಂದಿನ ಜನ್ಮಗಳ ಜ್ಞಾನ. ಕರ್ಮದ ಮೇಲೆ ಚಿತ್ತವನ್ನು ನೆಡುವ ಸಂಯಮದಿಂದ ಸಿಗುವುದು ಸಾವು ಯಾವಾಗ ಎಂಬ ಜ್ಞಾನ. ಅದನ್ನು ಮುಂದೂಡುವ ಉಪಾಯವಲ್ಲ. ಪಾದದ ಕೊನೆಗೆ, ಕ್ಷಣ ಮತ್ತು ಕ್ಷಣಗಳ ಕ್ರಮದ ಮೇಲೆ ಚಿತ್ತವನ್ನು ನೆಟ್ಟವನಿಗೂ ದಕ್ಕುವುದು ವಿವೇಕದಿಂದ ಹುಟ್ಟುವ ಜ್ಞಾನವೇ. ಪರರ ದೇಹದೊಳಗೆ ಹೊಗಬಲ್ಲವನಿಗೆ ನಿನ್ನೆಯೊಳಗೆ ಹೊಗುವ ದಾರಿಯನ್ನು ಈ ಗ್ರಂಥ ಹೇಳಿಕೊಡುವುದಿಲ್ಲ. ಇಷ್ಟು ಉದಾರವಾದ ಪಟ್ಟಿಯಲ್ಲಿ ಇದೊಂದು ಮರೆತುಹೋಯಿತು ಎನ್ನುವುದು ನನಗೆ ಒಪ್ಪಿಗೆಯಾಗದು.

ಭಾಷ್ಯ ಓದಿದರೆ ಕಾರಣ ತಿಳಿಯುತ್ತದೆ. ಚಲಿಸುವ ಪರಮಾಣು ಒಂದು ಜಾಗವನ್ನು ಬಿಟ್ಟು ಮುಂದಿನ ಜಾಗವನ್ನು ಮುಟ್ಟಲು ಬೇಕಾಗುವಷ್ಟು ಹೊತ್ತೇ ಕ್ಷಣ. ಎರಡು ಕ್ಷಣಗಳು ಒಟ್ಟಿಗೆ ಇರಲಾರವು. ಹಾಗಾಗಿ ಮುಹೂರ್ತ, ಹಗಲು, ರಾತ್ರಿ ಎಂಬ ರಾಶಿಗಳು ಬುದ್ಧಿ ಕಟ್ಟಿಕೊಂಡವು, ಹೊರಗೆ ಅಂಥ ವಸ್ತುವಿಲ್ಲ. ಜೇಡಿಮಣ್ಣಿನ ಪುಡಿ ಮುದ್ದೆಯಾಗಿ, ಮಡಕೆಯಾಗಿ, ಒಡೆದು ಚೂರಾಗುವ ಪರಿಣಾಮವನ್ನು ವಿವರಿಸುವಾಗ ಭಾಷ್ಯಕಾರ ಒಂದು ನಿಷ್ಠುರವಾದ ಮಾತು ಸೇರಿಸುತ್ತಾನೆ: ಬರಲಿರುವುದು ವರ್ತಮಾನವಾಗುತ್ತದೆ, ವರ್ತಮಾನ ಕಳೆದದ್ದಾಗುತ್ತದೆ, ಆದರೆ ಕಳೆದದ್ದಕ್ಕೆ ಕ್ರಮವಿಲ್ಲ. ಅದರ ಬೆನ್ನಿಗೆ ಅದು ಆಗಬೇಕಾದ ಇನ್ನೊಂದು ಸ್ಥಿತಿಯೇ ಇಲ್ಲ. ಕಾಲ ಬುದ್ಧಿಯ ಕಟ್ಟಡವಾದರೆ ಬುದ್ಧಿಯೇ ಅದನ್ನು ತಿರುಗಿಸಬಹುದಲ್ಲ ಎಂದು ವಾದಿಸುವವರಿಗೂ ಉತ್ತರ ಇಲ್ಲೇ ಇದೆ. ಬುದ್ಧಿ ಕಟ್ಟಿದ್ದು ರಾಶಿಯನ್ನು. ಕ್ಷಣ ನಿಜ, ಅದು ಕ್ರಮಕ್ಕೆ ಒಳಪಟ್ಟದ್ದು. ಕಾಲವನ್ನು ಒಂಬತ್ತು ದ್ರವ್ಯಗಳಲ್ಲಿ ಒಂದೆಂದು ಎಣಿಸುವ ವೈಶೇಷಿಕ ದರ್ಶನದವರ ಪಕ್ಷ ಹಿಡಿದರೂ ಲಾಭವಿಲ್ಲ. ಅವರ ಕಾಲ ಒಂದೇ, ನಿತ್ಯ, ಎಲ್ಲೆಡೆ ವ್ಯಾಪಿಸಿದ್ದು. ಅಂಥದ್ದನ್ನು ಯಾರು, ಎಲ್ಲಿ ನಿಂತು ತಿರುಗಿಸುತ್ತಾರೆ?

ಪುರಾಣ ಮತ್ತು ಭೌತವಿಜ್ಞಾನ ಎರಡರಿಂದಲೂ ಆಕ್ಷೇಪ ಬರಬಹುದು. ಭಾಗವತದ ಒಂಬತ್ತನೆಯ ಸ್ಕಂಧದಲ್ಲಿ ರಾಜ ಕಕುದ್ಮಿ ಮಗಳು ರೇವತಿಗೆ ವರನನ್ನು ಕೇಳಲು ಬ್ರಹ್ಮಲೋಕಕ್ಕೆ ಹೋಗಿ, ಗಾಯನ ಮುಗಿಯುವ ತನಕ ಕಾಯುತ್ತಾನೆ. ಅಷ್ಟರಲ್ಲಿ ಭೂಮಿಯ ಮೇಲೆ 27 ಚತುರ್ಯುಗಗಳು ಕಳೆದಿರುತ್ತವೆ. 1971ರಲ್ಲಿ ವಿಜ್ಞಾನಿಗಳಾದ ಹಾಫೆಲೆ ಮತ್ತು ಕೀಟಿಂಗ್ ಪರಮಾಣು ಗಡಿಯಾರಗಳನ್ನು ವಿಮಾನದಲ್ಲಿ ಲೋಕ ಸುತ್ತಿಸಿದಾಗ ಅವು ನೆಲದ ಗಡಿಯಾರಗಳಿಂದ ಬೇರೆಯಾದವು. ಜಿಪಿಎಸ್ ಉಪಗ್ರಹಗಳ ಗಡಿಯಾರಗಳು ದಿನಕ್ಕೆ ಸುಮಾರು 38 ಮೈಕ್ರೋಸೆಕೆಂಡ್ ಮುಂದೋಡುವುದನ್ನು ಸರಿಪಡಿಸಲೇಬೇಕು. ಇವೆಲ್ಲ ತೋರಿಸುವುದು ಕಾಲದ ವೇಗ ಎಲ್ಲರಿಗೂ ಒಂದೇ ಅಲ್ಲವೆಂದು. ಆದರೆ ಬ್ರಹ್ಮನೂ ಕಕುದ್ಮಿಯನ್ನು ಅವನ ಹಳೆಯ ಕಾಲಕ್ಕೆ ಮರಳಿಸಲಿಲ್ಲ. ಮನಸ್ಸಿನಲ್ಲಿಟ್ಟುಕೊಂಡು ಬಂದ ವರರೆಲ್ಲ ಅಳಿದರೆಂದು ಹೇಳಿ, ಆಗ ಭೂಮಿಯಲ್ಲಿದ್ದ ಬಲರಾಮನಿಗೆ ಮಗಳನ್ನು ಕೊಡು ಎಂದ.

ಇನ್ನೂ ಬಲವಾದ ಆಕ್ಷೇಪ ಸರ್ವಶಕ್ತಿಯದು. ಪಂಚಭೂತಗಳನ್ನೇ ಗೆದ್ದು ಸಂಕಲ್ಪದಂತೆ ನಡೆಯಬಲ್ಲವನಿಗೆ ಇದೊಂದು ಮಾತ್ರ ಏಕೆ ಅಸಾಧ್ಯ? ಅಣಿಮಾದಿ ಸಿದ್ಧಿಗಳ ಸೂತ್ರಕ್ಕೆ ಬರೆದ ಭಾಷ್ಯ ಇದನ್ನು ನೇರವಾಗಿ ಎತ್ತಿಕೊಳ್ಳುತ್ತದೆ: ಅಂಥ ಯೋಗಿ ಶಕ್ತನಾದರೂ ಪದಾರ್ಥಗಳನ್ನು ತಲೆಕೆಳಗು ಮಾಡುವುದಿಲ್ಲ, ಏಕೆಂದರೆ ಅವು ಹಾಗೇ ಇರಲಿ ಎಂಬುದು ಪೂರ್ವಸಿದ್ಧನ, ಎಂದರೆ ಮೊದಲೇ ಸಿದ್ಧನಾಗಿರುವವನ, ಸಂಕಲ್ಪ. ಪರಮೇಶ್ವರನ ಆಜ್ಞೆ ಮೀರಲು ಅಂಥ ಯೋಗಿಗಳು ಮುಂದಾಗುವುದಿಲ್ಲ ಎಂದು ಈ ಭಾಷ್ಯಕ್ಕೆ ಟೀಕೆ ಬರೆದ ವಾಚಸ್ಪತಿ ಮಿಶ್ರ ಬಿಡಿಸಿ ಹೇಳುತ್ತಾನೆ. ಇದು ಬರಿಯ ವಿಧೇಯತೆಯಲ್ಲ ಎಂಬುದು ನನ್ನ ವಾದ. ಮಾಡಿದ್ದನ್ನು ಮಾಡಿಲ್ಲವೆನ್ನಿಸಲು ಸಾಧ್ಯವಾದರೆ ಕರ್ಮ ಎಂಬ ಮಾತಿಗೆ ಅರ್ಥವೇ ಉಳಿಯದು. ಅನ್ಯಾಯ ಮಾಡಿದವನು ಅದನ್ನು ಅಳಿಸಿದರೆ ನೊಂದವನ ನೋವೂ ಅವನ ಸಾಕ್ಷ್ಯವೂ ಅಳಿದುಹೋಗುತ್ತವೆ. ಕ್ಷಮೆ ಕೇಳಲು ಯಾರೂ ಇರುವುದಿಲ್ಲ. ಪ್ರಾಯಶ್ಚಿತ್ತವೂ ಹಿಂದಿನದನ್ನು ಬದಲಿಸುವುದಿಲ್ಲವೇ ಎಂದು ಕೇಳಬಹುದು. ಇಲ್ಲ, ಮಾಡಿದ್ದೇನೆಂದು ಒಪ್ಪಿಕೊಂಡಲ್ಲಿಂದಲೇ ಅದು ಶುರುವಾಗುತ್ತದೆ, ಅದರ ಕೆಲಸವೆಲ್ಲ ಮುಂದಿನ ಫಲದ ಮೇಲೆ.

ಅದೇ ಗ್ರಂಥದ ಎರಡನೆಯ ಪಾದದ 16ನೆಯ ಸೂತ್ರ ನಿವಾರಿಸಬೇಕಾದ್ದು ಇನ್ನೂ ಬಾರದ ದುಃಖವನ್ನು ಎನ್ನುತ್ತದೆ. ಕಳೆದ ದುಃಖ ಅನುಭವಿಸಿ ಮುಗಿದದ್ದು, ಈಗಿನದು ಅನುಭವಕ್ಕೆ ಏರಿ ಕೂತದ್ದು ಎಂದು ಭಾಷ್ಯ ವಿವರಿಸುತ್ತದೆ. ಅಹಿಂಸೆ, ಸತ್ಯ ಮೊದಲಾದ ಯಮಗಳು ಬರುವುದೂ ಈ ಪಾದದಲ್ಲೇ, ಸಿದ್ಧಿಗಳಿಗಿಂತ ಮುಂಚೆ. ಕಾಲವಿದ್ಯೆಯ ಆಸೆಯಿಂದ ಯೋಗಸೂತ್ರ ತೆರೆಯುವವರು ದಯವಿಟ್ಟು ಅಲ್ಲಿಂದ ಓದಲು ತೊಡಗಲಿ.