ಮೆದೆಯೊಳಗಿನ ಎರಡು ಮೂಟೆ

ಆನ್‌ಸೈಟ್ ಅಂತ ಕ್ಯಾಲಿಫೋರ್ನಿಯಾದಲ್ಲಿದ್ದಾಗ, ಒಂದು ಸೆಪ್ಟೆಂಬರ್ ವೀಕೆಂಡ್‌ನಲ್ಲಿ ಫ್ರೆಸ್ನೊ ಕಡೆ ಹೋಗಿದ್ದೆ. ದ್ರಾಕ್ಷಿ ಸಾಲುಗಳ ನಡುವೆ ನೆಲದ ಮೇಲೆ ಕಾಗದ ಹಾಸಿ ಹಣ್ಣು ಒಣಗಿಸಿದ್ದರು. ನನಗೆ ಮಂಡ್ಯ ಕಡೆಯ ನಮ್ಮೂರಿನ ಕಣ ನೆನಪಾಯ್ತು. ಆಮೇಲೆ ಆ ಒಣದ್ರಾಕ್ಷಿಯ ಮೇಲೆ ನಡೆದ ಕೇಸಿನ ಬಗ್ಗೆ ಓದಿದಾಗ ನೆನಪಾದದ್ದು ನಮ್ಮ ತಾತ.

ಅಮೆರಿಕದಲ್ಲಿ 1937ರ ಒಂದು ಕಾಯ್ದೆ ಇದೆ. ಅದರಡಿ 1949ರಲ್ಲಿ ಬಂದ ಆದೇಶದ ಪ್ರಕಾರ, ಒಣದ್ರಾಕ್ಷಿಯ ಬೆಲೆ ಬೀಳದಿರಲಿ ಅಂತ ಬೆಳೆಯ ಇಂತಿಷ್ಟು ಪಾಲನ್ನು ಸರ್ಕಾರಕ್ಕೆ ಎತ್ತಿಡಬೇಕಿತ್ತು. 2002-03ರಲ್ಲಿ ಆ ಪಾಲು ಶೇ. 47. ಮರುವರ್ಷ ಶೇ. 30, ಅದಕ್ಕೆ ಬೆಳೆಗಾರರಿಗೆ ಬಂದ ದುಡ್ಡು ಸೊನ್ನೆ. ಬೆಳೆಯುವುದರ ಜೊತೆ ಪ್ಯಾಕಿಂಗೂ ಮಾಡುತ್ತಿದ್ದ ಮಾರ್ವಿನ್ ಮತ್ತು ಲಾರಾ ಹಾರ್ನ್ ದಂಪತಿ ಕೊಡಲ್ಲ ಅಂದರು. ಬೆಳಿಗ್ಗೆ ಎಂಟಕ್ಕೆ ಬಂದ ಸರ್ಕಾರದ ಟ್ರಕ್‌ಗಳನ್ನು ಒಳಗೆ ಬಿಡಲಿಲ್ಲ. ಮಾಲಿನ ಬೆಲೆ ಸುಮಾರು 4.8 ಲಕ್ಷ ಡಾಲರ್, ಮೇಲೆ 2 ಲಕ್ಷಕ್ಕೂ ಹೆಚ್ಚು ದಂಡ ಕಟ್ಟಿ ಅಂತ ಆದೇಶ ಬಂತು.

ಕೇಸು ಎರಡು ಸಲ ಸುಪ್ರೀಂ ಕೋರ್ಟ್ ಹತ್ತಿತು. ಜಮೀನು ತಗೊಂಡರೆ ಸರ್ಕಾರ ಪರಿಹಾರ ಕೊಡಬೇಕು, ಸರಿ. ಮೂಟೆಯಲ್ಲಿರೋ ಫಸಲಿಗೂ ಅದೇ ನಿಯಮವಾ? ಕೆಳಗಿನ ಮೇಲ್ಮನವಿ ಕೋರ್ಟು, ಅಷ್ಟು ರಕ್ಷಣೆ ಇಲ್ಲ ಅಂದಿತ್ತು. 2015ರ ಜೂನ್ 22ರಂದು ಸುಪ್ರೀಂ ಕೋರ್ಟಿನ 9 ನ್ಯಾಯಮೂರ್ತಿಗಳಲ್ಲಿ 8 ಮಂದಿ, ಹೌದು, ಇದೂ ಕಿತ್ತುಕೊಂಡ ಹಾಗೇ ಅಂದರು. ತೀರ್ಪು ಬರೆದ ಮುಖ್ಯ ನ್ಯಾಯಮೂರ್ತಿ ಜಾನ್ ರಾಬರ್ಟ್ಸ್ 1215ರ ಮ್ಯಾಗ್ನಾ ಕಾರ್ಟಾದವರೆಗೂ ಹಿಂದೆ ಹೋದರು. ರಾಜನ ಅಧಿಕಾರಿಗಳು ದುಡ್ಡು ಕೊಡದೆ ಯಾರ ಧಾನ್ಯವನ್ನೂ ಒಯ್ಯಬಾರದು ಅಂತ ಅದರಲ್ಲೇ ಇದೆ.

ಓದಿ ನನಗೆ ಖುಷಿಯಾಯ್ತು. ತಾತ ಗೆದ್ದ ಹಾಗನ್ನಿಸಿತು.

ಯಾಕಂದ್ರೆ ನಮ್ಮೂರಲ್ಲೂ ಒಂದು ಕಾಲಕ್ಕೆ ಲೆವಿ ಇತ್ತು. ಬೆಳೆದ ಭತ್ತದಲ್ಲಿ ಇಷ್ಟು ಅಂತ ಸರ್ಕಾರಕ್ಕೆ ಅಳೆದು ಕೊಡಬೇಕು. ದುಡ್ಡು ಕೊಡ್ತಿದ್ದರು, ಆದರೆ ಪೇಟೆಯ ಬೆಲೆಗಿಂತ ಕಮ್ಮಿ. ತಾತ ಎರಡು ಮೂಟೆಯನ್ನು ಹುಲ್ಲಿನ ಮೆದೆಯೊಳಗೆ ಬಚ್ಚಿಟ್ಟಿದ್ದರಂತೆ. ಚಿಕ್ಕಂದಿನಲ್ಲಿ ನಮಗದು ಸಾಹಸದ ಕತೆ.

ಈ ಸಲ ಊರಿಗೆ ಹೋದಾಗ ಅಜ್ಜಿಗೆ ಒಣದ್ರಾಕ್ಷಿ ಕೇಸು ಹೇಳಿದೆ. "ತಾತ ಮಾಡಿದ್ದೇ ಸರಿ ನೋಡಜ್ಜಿ" ಅಂದೆ.

ಅಜ್ಜಿ ಸೊಪ್ಪು ಬಿಡಿಸ್ತಾ ಇದ್ದರು. "ನಮ್ ಗದ್ದೆ ನಾಟಿಗೆ ಬರ್ತಿದ್ದೋಳು ಆ ಸೊಸೈಟಿ ಅಕ್ಕೀಲೇ ಮಕ್ಕಳನ್ನ ಸಾಕಿದ್ಲು ಕಣ್ ಮಗ. ಅವಳಿಗೆಲ್ಲಿತ್ತು ಗದ್ದೆ?" ಅಂದರು.

ನನ್ನ ಹತ್ತಿರ ಉತ್ತರ ಇರಲಿಲ್ಲ. ಒಣದ್ರಾಕ್ಷಿ ಎತ್ತಿಟ್ಟಿದ್ದು ಬೆಲೆ ಏರಲಿ ಅಂತ. ಭತ್ತ ಎತ್ತಿದ್ದು ಬೆಲೆ ಕೊಡಲಾಗದವರ ಹೊಟ್ಟೆಗೆ ಅಂತ. ಎರಡನ್ನೂ ಒಂದೇ ತಕ್ಕಡಿಗೆ ಹಾಕಿದ್ದು ನನ್ನ ತಪ್ಪು. ಹಸಿದವರಿದ್ದಾಗ ಸರ್ಕಾರ ಧಾನ್ಯ ಕೇಳೋದು ಅನ್ಯಾಯ ಅಂತ ಈಗ ನಾನು ಹೇಳಲಾರೆ.

ಆದರೂ ಒಂದು ಪ್ರಶ್ನೆ ಉಳಿಯುತ್ತೆ. ಅವಳ ಮಕ್ಕಳನ್ನು ಸಾಕೋದು ಇಡೀ ನಾಡಿನ ಜವಾಬ್ದಾರಿ ಆಗಿದ್ದರೆ, ಪೇಟೆ ಬೆಲೆಗೂ ಲೆವಿ ಬೆಲೆಗೂ ಇದ್ದ ವ್ಯತ್ಯಾಸವನ್ನು ತಾತ ಒಬ್ಬರೇ ಯಾಕೆ ತುಂಬಬೇಕಿತ್ತು? ಸಂಬಳದ ನೌಕರ, ಅಂಗಡಿಯವನು, ಮಿಲ್ ಮಾಲೀಕ ಎಲ್ಲರೂ ಸೇರಿ ತುಂಬಬಹುದಿತ್ತಲ್ಲ? ಭತ್ತ ಕಣದಲ್ಲಿ ಕಣ್ಣಿಗೆ ಕಾಣುತ್ತೆ, ಅಳೆಯೋದು ಸುಲಭ. ಸುಲಭಕ್ಕೆ ಸಿಗುವವನಿಂದ ತಗೊಳ್ಳೋದಕ್ಕೂ, ನ್ಯಾಯವಾಗಿ ತಗೊಳ್ಳೋದಕ್ಕೂ ವ್ಯತ್ಯಾಸ ಇದೆ.

ಇದು ಹಳೇ ಕತೆ ಅಂದ್ಕೋಬೇಡಿ. 1955ರ ಅಗತ್ಯ ವಸ್ತುಗಳ ಕಾಯ್ದೆ ಈಗಲೂ ಇದೆ. ನಿಯಮ ಮೀರಿದ ದಾಸ್ತಾನನ್ನು ಜಿಲ್ಲಾಧಿಕಾರಿ ಮುಟ್ಟುಗೋಲು ಹಾಕಿಕೊಳ್ಳಬಹುದು. ಮೊದಲು ನೋಟಿಸ್ ಕೊಡಬೇಕು, ಆಮೇಲೆ ಮೇಲ್ಮನವಿಗೂ ಅವಕಾಶ ಇದೆ. ಆಸ್ತಿ ಹಕ್ಕು 1978ರ 44ನೇ ತಿದ್ದುಪಡಿಯಲ್ಲಿ ಮೂಲಭೂತ ಹಕ್ಕುಗಳ ಪಟ್ಟಿಯಿಂದ ಹೊರಬಂತು. ಕಾನೂನಿನ ಆಧಾರವಿಲ್ಲದೆ ಆಸ್ತಿ ಕಸಿಯಬಾರದು ಅನ್ನೋ 300ಎ ವಿಧಿ ಮಾತ್ರ ಉಳಿದಿದೆ.

ಮೂಟೆ ಎತ್ತದೆಯೂ ಬೆಲೆ ಇಳಿಸಬಹುದು. 2023ರ ಡಿಸೆಂಬರ್‌ನಲ್ಲಿ ಕೇಂದ್ರ ಈರುಳ್ಳಿ ರಫ್ತು ನಿಷೇಧಿಸಿದಾಗ ಬೆಂಗಳೂರಿನ ಫ್ಲ್ಯಾಟಲ್ಲಿ ಕೂತು ನಾನು "ಸದ್ಯ" ಅಂದಿದ್ದೆ. ನಾನು ಹಸಿದಿರಲಿಲ್ಲ. ನಾಟಿಗೆ ಬರುತ್ತಿದ್ದ ಆ ಹೆಂಗಸಿನ ಹೆಸರಲ್ಲಿ ನನಗೆ ಸಿಕ್ಕ ರಿಯಾಯಿತಿ ಅದು. ದುಡ್ಡು ಯಾವ ರೈತನ ಜೇಬಿಂದ ಹೋಯ್ತು ಅಂತ ಅವತ್ತು ಕೇಳಿಕೊಳ್ಳಲೂ ಇಲ್ಲ.

"ಆ ಎರಡು ಮೂಟೆ ಏನಾಯ್ತಜ್ಜಿ?" ಅಂದೆ ಹೊರಡುವಾಗ.

"ಒಂದ್ ನಾವ್ ತಿಂದ್ವಿ. ಇನ್ನೊಂದರಲ್ಲಿ ಅವಳಿಗೂ ಅಳೆದು ಕೊಟ್ಟೆ, ನಿಮ್ ತಾತಂಗೆ ಹೇಳ್ದೆ" ಅಂದರು ಅಜ್ಜಿ.