ಸೆರೆಯ ಜೀವಿಗೆ ಅನ್ನಪಾನ

ಪಾವಗಡ ತಾಲ್ಲೂಕಿನ ನಿಡಗಲ್ಲು ಬೆಟ್ಟದಲ್ಲಿ ಕ್ರಿ.ಶ. 1232ರಲ್ಲಿ ಗಂಗೇಯನ ಮಾರೆಯನು ಪಾರ್ಶ್ವನಾಥ ಬಸದಿಯನ್ನು ಕಟ್ಟಿಸಿದನೆಂದು ಶಾಸನವು ತಿಳಿಸುತ್ತದೆ. ಉರಿಯುವ ಕಟ್ಟಿಗೆಯೊಳಗೆ ಬೇಯುತ್ತಿದ್ದ ಸರ್ಪಗಳಿಗಾಗಿ ಮರುಗಿದ ತೀರ್ಥಂಕರನಿಗೆ ಮೀಸಲಾದ ನೆಲೆಯಿದು. ತೆವಳುವ ಜೀವಿಯ ನೋವೂ ನೋವೇ ಎಂಬ ಅರಿವು ಈ ಸೀಮೆಯ ಶ್ರಾವಕರಿಗೆ ಹೊಸದಲ್ಲ.

ಕ್ಯಾತಗಾನಚೆರ್ಲು ಸುತ್ತಲಿನಂತಹ ಒಣ ಕುರುಚಲು ನೆಲವು ನಕ್ಷತ್ರ ಆಮೆಗೆ ಒಗ್ಗುವ ನೆಲ. ಮನೆಗೆ ಶುಭವೆಂದು ನಂಬಿ ಅದನ್ನು ತಂದು ಸಾಕುವವರು ನಾಡಿನ ಹಲವೆಡೆ ಇದ್ದಾರೆ. ಹಾಗೆ ಸಾಕಿದ ಆಮೆ ಮುಪ್ಪಿನಿಂದಲೋ ರೋಗದಿಂದಲೋ ಆಹಾರವನ್ನು ಬಿಟ್ಟರೆ ಗೃಹಸ್ಥನ ಧರ್ಮವೇನು?

“ಅದೂ ಸಲ್ಲೇಖನವನ್ನು ಕೈಗೊಂಡಿದೆ, ತಡೆಯಬಾರದು” ಎಂದು ಕೆಲವರು ಸಮಾಧಾನ ಹೇಳಬಹುದು. ಪಾರ್ಶ್ವನಾಥನ ಪೂರ್ವಭವದಲ್ಲಿ ಆನೆಯೊಂದು ವ್ರತವನ್ನು ಪಾಲಿಸಿದ ಕಥೆಯುಂಟು, ನಿಜ. ಆದರೆ ಆ ಆನೆಗೆ ಮುನಿಯ ಉಪದೇಶವಿತ್ತು, ಅರಿವು ಮೂಡಿತ್ತು. ಹಿತ್ತಲಿನ ಆಮೆಯದು ವ್ರತವಲ್ಲ, ವ್ಯಾಧಿ. ವ್ಯಾಧಿಗೆ ವ್ರತದ ಹೆಸರಿಟ್ಟರೆ ಅದು ಜೀವದಯೆಯಾಗದು. ಪ್ರಮಾದವನ್ನು ಮುಚ್ಚುವ ಮಾತಾಗುತ್ತದೆ.

ಅಹಿಂಸಾಣುವ್ರತದ ಐದು ಅತಿಚಾರಗಳಲ್ಲಿ ಬಂಧ ಮೊದಲನೆಯದು, ಅನ್ನಪಾನನಿರೋಧ ಕೊನೆಯದು. ಆಹಾರವನ್ನು ಕೊಡದಿರುವುದು ಮಾತ್ರ ನಿರೋಧವಲ್ಲ. ಜೀರ್ಣವಾಗದ್ದನ್ನು ಕೊಟ್ಟು ಕೈತೊಳೆದುಕೊಳ್ಳುವುದೂ ಅದೇ. ಹುಲ್ಲು, ಸೊಪ್ಪು, ಹೂವುಗಳನ್ನು ಮೇಯುವ ಈ ಜೀವಿಗೆ ಹಾಲು, ಅನ್ನ, ಬ್ರೆಡ್ಡು ಸಲ್ಲವು. ಪ್ರೀತಿಯಿಂದ ಕೊಟ್ಟರೂ ಅವು ಅದರ ಹೊಟ್ಟೆಯನ್ನು ಕೆಡಿಸುತ್ತವೆ. ಸುಣ್ಣದ ಅಂಶವೂ ಬಿಸಿಲೂ ಸಾಲದಿದ್ದರೆ ಚಿಪ್ಪು ಮೆತ್ತಗಾಗಿ ವಿಕಾರಗೊಳ್ಳುತ್ತದೆ.

ಸರೀಸೃಪವು ಮೈಯ ಶಾಖವನ್ನು ಹೊರಗಿನಿಂದ ಪಡೆಯುತ್ತದೆ. ತಣ್ಣನೆಯ ಮೂಲೆಯಲ್ಲಿಟ್ಟರೆ ತಿಂದದ್ದು ಅರಗುವುದಿಲ್ಲ. ಆದ್ದರಿಂದ ಬಳಲಿದ ಆಮೆಗೆ ಮೊದಲು ಎಳೆಬಿಸಿಲು ಬೇಕು. ಬಿಸಿಲು ಹೆಚ್ಚಾದರೆ ಸರಿಯಲು ಪಕ್ಕದಲ್ಲಿ ನೆರಳೂ ಇರಬೇಕು. ಅಗಲವಾದ ತಟ್ಟೆಯಲ್ಲಿ ಗದ್ದ ಮುಳುಗದಷ್ಟು ಉಗುರುಬೆಚ್ಚನೆಯ ನೀರಿಟ್ಟು ಅದರಲ್ಲಿ ನಿಲ್ಲಿಸಿದರೆ ತಾನೇ ಕುಡಿಯುತ್ತದೆ. ಗರಿಕೆ, ನುಗ್ಗೆಸೊಪ್ಪು, ದಾಸವಾಳದ ಎಲೆ ಮತ್ತು ಹೂಗಳನ್ನು ಸಣ್ಣಗೆ ಹೆಚ್ಚಿಟ್ಟರೆ ದುರ್ಬಲ ಬಾಯಿಗೂ ಸುಲಭ. ಬಾಯಿ ಬಿಡಿಸಿ ನೀರು ಹೊಯ್ದರೆ ಅದು ಶ್ವಾಸಕೋಶಕ್ಕೆ ಇಳಿದೀತು. ಹಾಗೆ ಬಲವಂತ ಮಾಡದೆ ಪಶುವೈದ್ಯರ ಸಲಹೆಯನ್ನು ಪಡೆಯಬೇಕು.

ಇಷ್ಟು ಮಾಡಿದರೂ ಮೊದಲನೆಯ ಅತಿಚಾರ ಉಳಿದೇ ಇರುತ್ತದೆ. ಎಂತಹ ಸೊಪ್ಪನ್ನು ಉಣಿಸಿದರೂ ಬಂಧವು ಬಂಧವೇ. ನಕ್ಷತ್ರ ಆಮೆಯು 1972ರ ವನ್ಯಜೀವಿ ಸಂರಕ್ಷಣಾ ಕಾಯಿದೆಯಡಿ ರಕ್ಷಿತ ಜೀವಿ. ಅದನ್ನು ಮನೆಯಲ್ಲಿಟ್ಟುಕೊಳ್ಳುವುದು ಅಪರಾಧ. ಹಾಗೆಂದು ಭಯದಿಂದ ಮುದಿ ಆಮೆಯನ್ನು ರಾತ್ರೋರಾತ್ರಿ ಬೆಟ್ಟದ ತಪ್ಪಲಿನಲ್ಲಿ ಬಿಟ್ಟುಬರುವುದು ಒಂದು ದೋಷವನ್ನು ಕಳೆಯಲು ಇನ್ನೊಂದನ್ನು ಮಾಡಿದಂತೆ. ಮೇವನ್ನು ಹುಡುಕಲಾರದ ಜೀವಿಗೆ ಅದು ಬಿಡುಗಡೆಯಲ್ಲ, ಉಪವಾಸದ ಶಿಕ್ಷೆ.

ತಪ್ಪನ್ನು ಒಪ್ಪಿಕೊಂಡು ಅರಣ್ಯ ಇಲಾಖೆಗೆ ಒಪ್ಪಿಸುವುದೇ ಸರಿಯಾದ ದಾರಿ. ಅದಕ್ಕೆ ಧೈರ್ಯ ಬೇಕು. ದಂಡದ ಅಂಜಿಕೆಯೂ ಲೋಕದ ಮಾತೂ ಎದುರಾಗುತ್ತವೆ. ಆದರೆ ಪ್ರಾಯಶ್ಚಿತ್ತವೆಂಬುದು ಸುಲಭವಾಗಿರಬೇಕೆಂದು ಯಾರೂ ಹೇಳಿಲ್ಲ. ಇಲಾಖೆಯವರ ಕೈಸೇರುವ ಗಳಿಗೆಯವರೆಗೆ ಆ ಮೂಕಜೀವಿಗೆ ತಕ್ಕ ಮೇವು, ನೀರು, ಬಿಸಿಲನ್ನು ಕೊಡುವ ಹೊಣೆ ಸೆರೆಯಲ್ಲಿಟ್ಟವನದೇ.