ಗಡಿಗೆ ಉಳಿಯಿತು, ದ್ವಿತ್ವ ಅಳಿಯಿತು

ಒಂದು ವಸ್ತುವು ನಾಶವಾಯಿತೆಂದು ಹೇಳುವಾಗ ನಾವು ನಿಜವಾಗಿ ಹೇಳುತ್ತಿರುವುದೇನೆಂಬುದು ಮೇಲುನೋಟಕ್ಕೆ ತೋರುವಷ್ಟು ಸುಲಭವಾದ ಪ್ರಶ್ನೆಯಲ್ಲ. ನಮ್ಮ ನೈಯಾಯಿಕರು ಅಭಾವವನ್ನು ನಾಲ್ಕು ಬಗೆಯಾಗಿ ವಿಂಗಡಿಸಿ, ಗಡಿಗೆಯು ಹುಟ್ಟುವ ಮುನ್ನ ಅದಿಲ್ಲದಿರುವುದು ಪ್ರಾಗಭಾವವೆಂದೂ, ಒಡೆದ ತರುವಾಯ ಅದಿಲ್ಲದಿರುವುದು ಪ್ರಧ್ವಂಸಾಭಾವವೆಂದೂ ಹೆಸರಿಟ್ಟು, ಮೊದಲನೆಯದು ಅನಾದಿಯಾದರೂ ಕೊನೆಯುಳ್ಳದ್ದು, ಎರಡನೆಯದು ಮೊದಲುಳ್ಳದ್ದಾದರೂ ಅನಂತವಾದದ್ದು ಎಂದು ನಿರ್ಣಯಿಸಿದರು. ಮಣ್ಣಿನ ಗಡಿಗೆಯ ವಿಷಯದಲ್ಲಿ ಈ ನಿರ್ಣಯಕ್ಕೆ ಯಾವ ತೊಡಕೂ ಬಾರದು. ಮುದ್ಗರದ ಪೆಟ್ಟು ಬಿದ್ದ ಕ್ಷಣವೇ ಪ್ರಧ್ವಂಸದ ಆದಿಯೆಂದು ಗುರುತುಮಾಡಿ ಮುಂದೆ ಸಾಗಬಹುದು. ಆದರೆ ನಮ್ಮ ಕಾಲದ ಕೆಲವು ವಸ್ತುಗಳು, ಅವುಗಳಲ್ಲಿಯೂ ವಿಶೇಷವಾಗಿ ಮಕ್ಕಳೂ ಮಕ್ಕಳಂಥ ದೊಡ್ಡವರೂ ಅಂಗೈಯಲ್ಲಿ ಹಿಡಿದು ಆಡುವ ಯಂತ್ರಗಳು, ಪೆಟ್ಟೊಂದೂ ಬೀಳದೆ, ಒಂದು ಚೂರೂ ಸಿಡಿಯದೆ, ವರ್ಷಗಟ್ಟಲೆ ಕಾಲ ಕಂತುಕಂತಾಗಿ ಇಲ್ಲವಾಗುತ್ತವೆ. ಅವುಗಳ ಪ್ರಧ್ವಂಸವು ಯಾವ ದಿನ ಮೊದಲಾಯಿತೆಂದು ಕೇಳಿದರೆ ಪಂಚಾಂಗವನ್ನು ಮುಂದಿಟ್ಟುಕೊಂಡವನೂ ತಡವರಿಸಬೇಕಾಗುತ್ತದೆ.

ನಿಂಟೆಂಡೊ ಕಂಪನಿಯ 3ಡಿಎಸ್ ಎಂಬ ಯಂತ್ರವನ್ನೇ ತೆಗೆದುಕೊಳ್ಳೋಣ. ಜಪಾನಿನ ಹಳೆಯ ರಾಜಧಾನಿಯಾದ ಕ್ಯೋಟೊ ನಗರದಲ್ಲಿ 1889ರಲ್ಲಿ ಹೂವಿನ ಚಿತ್ರಗಳ ಆಟದೆಲೆಗಳನ್ನು ತಯಾರಿಸುವ ಸಣ್ಣ ಉದ್ಯಮವಾಗಿ ಹುಟ್ಟಿದ ಆ ಸಂಸ್ಥೆಯು, 2011ರ ಫೆಬ್ರವರಿ 26ರಂದು ಇದನ್ನು ತನ್ನ ನಾಡಿನ ಮಾರುಕಟ್ಟೆಗೆ ತಂದಿತು. ನಡುವೆ ಮಡಿಸಬಹುದಾದ, ಎರಡು ತೆರೆಗಳುಳ್ಳ ಆಕೃತಿ. ಮೇಲಿನ ತೆರೆಯು ಎಡಗಣ್ಣಿಗೊಂದು ಬಲಗಣ್ಣಿಗೊಂದು ಚಿತ್ರವನ್ನು ಬೇರೆಬೇರೆಯಾಗಿ ಕಳುಹಿಸಿ, ಕನ್ನಡಕದ ಹಂಗಿಲ್ಲದೆಯೇ ಆಳದ ಭ್ರಮೆಯನ್ನು ಹುಟ್ಟಿಸುತ್ತಿತ್ತು. ಪಕ್ಕದಲ್ಲಿರುವ ಒಂದು ಗುಂಡಿಯನ್ನು ಕೆಳಕ್ಕೆ ಸರಿಸಿದೊಡನೆ ಪ್ರಪಂಚದ ಆಳವೆಲ್ಲ ಮಾಯವಾಗಿ ಬರಿಯ ಚಿತ್ರಪಟ ಉಳಿಯುವ ಈ ಏರ್ಪಾಡಿಗಿಂತ ಒಳ್ಳೆಯ ದೃಷ್ಟಾಂತವು ಮಾಯಾವಾದಿಗಳಿಗೆ ಸಿಕ್ಕಲಾರದು. ಆದರೆ ಈಗಿನ ಪ್ರಸ್ತಾವ ಅದಲ್ಲ. 25,000 ಯೆನ್ ಬೆಲೆಗೆ ಬಂದ ಯಂತ್ರವು ನಿರೀಕ್ಷಿಸಿದಷ್ಟು ಮಾರಾಟವಾಗದೆ, ಆರು ತಿಂಗಳು ತುಂಬುವ ಮೊದಲೇ 15,000 ಯೆನ್‌ಗೆ ಇಳಿಯಬೇಕಾಯಿತು. ಆಗ ಅಧ್ಯಕ್ಷರಾಗಿದ್ದ ಸಾತೊರು ಇವಾತಾ ಅವರು ಹೊಣೆಯನ್ನು ತಾವು ಹೊತ್ತು ತಮ್ಮ ಸಂಬಳದ ಅರ್ಧಭಾಗವನ್ನು ಬಿಟ್ಟುಕೊಟ್ಟರು. ಅನಂತರ ಅದು ಚೇತರಿಸಿಕೊಂಡು, ರೂಪಾಂತರಗಳೆಲ್ಲ ಸೇರಿ ಏಳೂವರೆ ಕೋಟಿಗೂ ಮಿಕ್ಕಿ ಮಾರಾಟವಾಯಿತು. ಇವಾತಾ ಅವರು 2015ರಲ್ಲಿ ತೀರಿಕೊಂಡರು. ಯಂತ್ರದ ತಯಾರಿಕೆಯು ಅವರ ತರುವಾಯವೂ ಐದು ವರ್ಷ ನಡೆಯಿತು.

ಈ ಯಂತ್ರದ ಅಂತ್ಯಕಾಲವನ್ನು ಕುರಿತು ವಿಚಾರಿಸಿದರೆ ಒಂದಕ್ಕಿಂತ ಹೆಚ್ಚು ಉತ್ತರಗಳು ಬರುತ್ತವೆ. 2020ರ ಸೆಪ್ಟೆಂಬರಿನಲ್ಲಿ ತಯಾರಿಕೆ ನಿಂತಿತು. ಅದೇ ಮರಣವೆನ್ನೋಣವೆಂದರೆ, ಆ ದಿನ ಲೋಕದಲ್ಲಿದ್ದ ಕೋಟ್ಯಂತರ ಯಂತ್ರಗಳಲ್ಲಿ ಒಂದಕ್ಕಾದರೂ ಏನೂ ಆಗಲಿಲ್ಲ. 2023ರ ಮಾರ್ಚ್ ತಿಂಗಳ ಕೊನೆಯಲ್ಲಿ, ಯಂತ್ರದೊಳಗಿಂದಲೇ ಆಟಗಳನ್ನು ಕೊಳ್ಳುವ ಅಂಗಡಿಯನ್ನು ಮುಚ್ಚಿದರು. ಡೌನ್‌ಲೋಡಿನ ರೂಪದಲ್ಲಿ ಮಾತ್ರ ಸಿಗುತ್ತಿದ್ದ ನೂರಾರು ಆಟಗಳು ಆ ದಿನದಿಂದ ಹೊಸಬನಿಗೆ ನ್ಯಾಯವಾದ ಮಾರ್ಗದಿಂದ ದೊರೆಯದಂತಾದವು. ಹತ್ತೊಂಬತ್ತುನೂರ ಎಪ್ಪತ್ತರ ಆಚೀಚಿನ ತೋಕಿಯೊ ಹೊರವಲಯದ ಒಂದು ಬೇಸಗೆಯ ಮಧ್ಯಾಹ್ನವನ್ನು ಬಾಲಕನೊಬ್ಬನ ಕಣ್ಣಿನಿಂದ ತೋರಿಸುವ, ಶುಕ್ರವಾರದ ದೈತ್ಯರ ಕಥೆಯುಳ್ಳ ಒಂದು ಪುಟ್ಟ ಆಟವು ಜಪಾನಿನ ಹೊರಗೆ ಆ ಒಂದೇ ಅಂಗಡಿಯಲ್ಲಿ ಮಾರಾಟಕ್ಕಿದ್ದದ್ದು. ಆದರೂ ಕೊಂಡವರ ಯಂತ್ರದಲ್ಲಿ ಅದು ಇಂದಿಗೂ ನಡೆಯುತ್ತದೆ. 2024ರ ಏಪ್ರಿಲ್ 8ರಂದು ಸರ್ವರುಗಳನ್ನು ನಿಲ್ಲಿಸಿದರು. ದೂರದಲ್ಲಿರುವ ಇಬ್ಬರು ಇಂಟರ್‌ನೆಟ್ಟಿನ ಮೂಲಕ ಕೂಡಿ ಆಡುವುದು ಅಲ್ಲಿಗೆ ಮುಗಿಯಿತು. ಅದರ ಮಾರನೆಯ ದಿನವೂ ಯಂತ್ರದ ಮುಚ್ಚಳವನ್ನು ತೆರೆದರೆ ದೀಪ ಹತ್ತುತ್ತಿತ್ತು, ಕಾರ್ಡಿನಲ್ಲಿದ್ದ ಆಟವು ಎಂದಿನಂತೆ ಏಳುತ್ತಿತ್ತು. ಹಾಗಾದರೆ ಪ್ರಧ್ವಂಸಗೊಂಡ ಪ್ರತಿಯೋಗಿಯು, ಎಂದರೆ ಇಲ್ಲವಾದ ಆ ವಸ್ತುವು, ಯಾವುದು?

ನ್ಯಾಯವೈಶೇಷಿಕರ ಕಾರಣವಿಚಾರವು ಇಲ್ಲಿ ನೆರವಿಗೆ ಬರುವುದೆಂದು ನನ್ನ ನಂಬಿಕೆ. ಗಡಿಗೆಗೆ ಅದರ ಹೋಳುಗಳಾದ ಕಪಾಲಗಳು ಸಮವಾಯಿಕಾರಣ, ಅವುಗಳ ಸಂಯೋಗವು ಅಸಮವಾಯಿಕಾರಣ, ಕುಂಬಾರನೂ ಅವನ ದಂಡಚಕ್ರಗಳೂ ನಿಮಿತ್ತಕಾರಣ. ಮೊದಲಿನ ಎರಡರಲ್ಲಿ ಒಂದು ಕೆಟ್ಟರೆ ಗಡಿಗೆಯು ಕೆಡುವುದು. ನಿಮಿತ್ತವು ಹೋದರೆ ಗಡಿಗೆಗೆ ಬಾಧೆಯಿಲ್ಲ. ಕುಂಬಾರನು ಸತ್ತ ದಿನ ಅವನು ಮಾಡಿದ ಗಡಿಗೆಗಳೆಲ್ಲ ಊರಿನ ಮನೆಮನೆಯಲ್ಲಿ ಒಮ್ಮೆಗೇ ಒಡೆದುಹೋಗುವುದಾಗಿದ್ದರೆ ಸಂಸಾರ ನಡೆಯುವುದೆಂತು? ತಯಾರಿಕೆಯನ್ನು ನಿಲ್ಲಿಸಿದ್ದರಿಂದ ಯಂತ್ರಕ್ಕೇನೂ ಆಗಲಿಲ್ಲವೆಂಬುದು ಈ ಸಾಮಾನ್ಯ ನಿಯಮಕ್ಕೆ ಒಪ್ಪುವ ಸಂಗತಿಯೇ. ಆದರೆ ಈ ನಿಯಮಕ್ಕೆ ವೈಶೇಷಿಕರು ತಾವೇ ಒಂದು ವಿಚಿತ್ರವಾದ ಅಪವಾದವನ್ನು ಹೇಳಿದ್ದಾರೆ. ಎರಡು ಗಡಿಗೆಗಳಲ್ಲಿರುವ ದ್ವಿತ್ವವು, ಎಂದರೆ ಅವು ಎರಡಾಗಿರುವಿಕೆಯು, ಇದೊಂದು ಇದೊಂದು ಎಂದು ಎಣಿಸಿ ಜೊತೆಯಾಗಿ ಹಿಡಿಯುವ ಅಪೇಕ್ಷಾಬುದ್ಧಿಯಿಂದ ಹುಟ್ಟುತ್ತದೆ. ಆ ಬುದ್ಧಿಯು ನಿಮಿತ್ತಮಾತ್ರವಾಗಿದ್ದರೂ, ಅದು ಹೋದೊಡನೆ ದ್ವಿತ್ವವೂ ಹೋಗುತ್ತದೆ. ಗಡಿಗೆಗಳು ಎರಡೂ ಇದ್ದಲ್ಲಿಯೇ ಇರುತ್ತವೆ; ಅವುಗಳ ಜೊತೆತನವು ಇಲ್ಲವಾಗುತ್ತದೆ. ವಿದ್ಯಾರ್ಥಿಗಳು ಪರೀಕ್ಷೆಗಾಗಿ ಬಾಯಿಪಾಠ ಮಾಡಿ ಮರೆಯುವ ಈ ಸೂಕ್ಷ್ಮವು, ವೈಶೇಷಿಕ ಆಚಾರ್ಯರಾದ ಪ್ರಶಸ್ತಪಾದರ ಕಾಲಕ್ಕೆ ಊಹಿಸಲೂ ಆಗದಿದ್ದ ಒಂದು ಸಂದರ್ಭಕ್ಕೆ ಇಷ್ಟು ಸರಿಯಾಗಿ ಹೊಂದುವುದೆಂದು ಯಾರು ತಾನೇ ಎಣಿಸಿದ್ದರು?

ಏಕೆಂದರೆ ಸರ್ವರ್ ಮಾಡುತ್ತಿದ್ದ ಕೆಲಸವು ಇದೇ. ಒಸಾಕಾದಲ್ಲಿರುವ ಒಬ್ಬನನ್ನೂ ಲಿಸ್ಬನ್ನಿನಲ್ಲಿರುವ ಮತ್ತೊಬ್ಬಳನ್ನೂ ಜೊತೆಯೆಂದು ಎಣಿಸಿ ಹಿಡಿದಿರುವುದು. ಆ ಎಣಿಕೆಯು ಇರುವಷ್ಟು ಹೊತ್ತು ಅವರು ಎದುರಾಳಿಗಳು, ಅತಿಥಿ ಆತಿಥೇಯರು, ಒಂದೇ ಊರಿನವರು. 2012ರಲ್ಲಿ ಜಪಾನಿನಲ್ಲಿ ಬಂದ ಅನಿಮಲ್ ಕ್ರಾಸಿಂಗ್ ನ್ಯೂ ಲೀಫ್ ಎಂಬ ಆಟದಲ್ಲಿ ಆಡುವವನು ಪ್ರಾಣಿಗಳು ವಾಸಿಸುವ ಒಂದು ಹಳ್ಳಿಗೆ ಅಧ್ಯಕ್ಷನಾಗುತ್ತಾನೆ. ಹೊರಗಿನ ಗಡಿಯಾರದಂತೆಯೇ ಅಲ್ಲಿಯೂ ಹೊತ್ತು ಮೂಡಿ ಮುಳುಗುವುದು, ಋತುಗಳು ತಿರುಗುವುವು. ಬಹುಕಾಲ ಹೋಗದಿದ್ದರೆ ಕಳೆ ಬೆಳೆದು, ಮನೆಯಲ್ಲಿ ಜಿರಳೆ ಹೊಕ್ಕು, ನೆರೆಯವರು ಇಷ್ಟು ದಿನ ಎಲ್ಲಿದ್ದೆಯೆಂದು ಕೇಳುವರು. ಆ ಊರಿನಲ್ಲೊಂದು ಕನಸಿನ ಮನೆಯನ್ನು ಕಟ್ಟಿಸಬಹುದಾಗಿತ್ತು. ಅಲ್ಲಿ ಮಲಗಿದವನು, ತನ್ನ ಹಳ್ಳಿಯನ್ನು ಕನಸಾಗಿ ಒಪ್ಪಿಸಿದ ಅಪರಿಚಿತರ ಊರುಗಳಲ್ಲಿ ಅಲೆದಾಡಿ, ಅಲ್ಲಿಯ ಮರಗಿಡಗಳನ್ನು ನೋಡಿ, ಅಲ್ಲಿಯ ಸಾಮಾನೊಂದನ್ನೂ ಹೊತ್ತು ತರದೆ ಎಚ್ಚರಗೊಳ್ಳುವನು. ಏಪ್ರಿಲ್ 8ರ ತರುವಾಯ ಹಳ್ಳಿಗಳು ಅವರವರ ಯಂತ್ರದಲ್ಲಿ ಉಳಿದವು, ಕನಸುಗಳೆಲ್ಲ ಹೋದವು. ಜಾಗ್ರತ್ತು ಉಳಿದು ಸ್ವಪ್ನವು ಬಾಧಿತವಾಯಿತೆಂದು ವೇದಾಂತಿಯು ಸಮಾಧಾನ ಹೇಳಬಹುದು. ನನಗೇನೋ ಆ ಸಮಾಧಾನವು ಸಾಲದು. ಏಕೆಂದರೆ ಇಲ್ಲಿ ಕನಸು ಒಬ್ಬನ ಚಿತ್ತದ ಕಲ್ಪನೆಯಾಗಿರಲಿಲ್ಲ, ಮತ್ತೊಬ್ಬನು ಬಿಟ್ಟುಕೊಟ್ಟ ಕಾಣಿಕೆಯಾಗಿತ್ತು.

ಸರ್ವರುಗಳನ್ನು ನಿಲ್ಲಿಸಿದ ದಿನ ಇನ್ನೊಂದು ಸಂಗತಿ ನಡೆಯಿತು. ಹೊಸದಾಗಿ ಯಾರೂ ಒಳಹೋಗದಂತೆ ಬಾಗಿಲು ಮುಚ್ಚಿದ್ದರೂ, ಮುಚ್ಚುವ ಮೊದಲೇ ಒಳಗಿದ್ದ ಕೆಲವರ ಸಂಪರ್ಕವು ಕಡಿಯಲಿಲ್ಲ. ತಾವಾಗಿ ಹೊರಬೀಳುವವರೆಗೂ ಅವರು ಅಲ್ಲಿರಬಹುದಾಗಿತ್ತು. ಬೆರಳೆಣಿಕೆಯ ಜನ ಯಂತ್ರವನ್ನು ಆರಿಸದೆ, ಚಾರ್ಜಿನ ತಂತಿಯನ್ನು ಕೀಳದೆ, ದಿನಗಟ್ಟಲೆ ಹಾಗೆಯೇ ಉಳಿದರೆಂದು ವರದಿಯಾಯಿತು. ಜ್ಞಾನವು ಉದಯಿಸಿದ ಮೇಲೆಯೂ ದೇಹವು ಕೆಲಕಾಲ ನಿಲ್ಲುವುದೇಕೆಂಬುದಕ್ಕೆ ಸಾಂಖ್ಯರೂ ಶಂಕರರೂ ಕೊಡುವ ಉತ್ತರ ಒಂದೇ: ಕುಂಬಾರನು ಕೋಲನ್ನು ತೆಗೆದ ಬಳಿಕವೂ ಚಕ್ರವು ಹಿಂದಿನ ವೇಗದಿಂದ ಸುತ್ತುತ್ತಿರುವುದು. ಪ್ರಾರಬ್ಧಶೇಷವೆಂದರೆ ಇದೇ. ಒಬ್ಬೊಬ್ಬರಾಗಿ ಆ ಉಳಿದವರೂ ಹೊರಬಿದ್ದರು.

ಅಪ್ಪಣೆಯಿಂದ ಬಂದ ಈ ಅಂತ್ಯಕ್ಕಿಂತ ಹೆಚ್ಚು ವಿಚಾರಾರ್ಹವಾದದ್ದು, ಯಾರ ಅಪ್ಪಣೆಯೂ ಇಲ್ಲದೆ ಬಂದ ಮತ್ತೊಂದು ಅಂತ್ಯ. ಈ ಯಂತ್ರಕ್ಕೆ ಸ್ಟ್ರೀಟ್‌ಪಾಸ್ ಎಂಬ ಒಂದು ಗುಣವಿತ್ತು. ಮಡಿಸಿ ಜೇಬಿನಲ್ಲಿಟ್ಟುಕೊಂಡು ನಡೆದಾಡುವಾಗ, ಇಂಥದೇ ಯಂತ್ರವನ್ನಿಟ್ಟುಕೊಂಡ ಇನ್ನೊಬ್ಬನು ಪಕ್ಕದಲ್ಲಿ ಹಾದುಹೋದರೆ, ಇಬ್ಬರಿಗೂ ತಿಳಿಯದಂತೆ ಯಂತ್ರಗಳೆರಡೂ ತಮ್ಮತಮ್ಮಲ್ಲಿ ಕುಶಲಪ್ರಶ್ನೆ ಮಾಡಿಕೊಂಡು, ಒಡೆಯರ ಪುಟ್ಟ ಪ್ರತಿಮೆಗಳನ್ನು ವಿನಿಮಯ ಮಾಡಿಕೊಳ್ಳುತ್ತಿದ್ದವು. ಮನೆಗೆ ಬಂದು ನೋಡಿದರೆ ಹಸುರು ದೀಪ ಹೊತ್ತಿರುವುದು, ಒಳಗೆ ಆ ದಿನದ ದಾರಿಹೋಕರು ಸಾಲಾಗಿ ಬಂದು ನಿಂತಿರುವರು. ಒಂದು ಆಟದಲ್ಲಂತೂ ಸೆರೆಯಲ್ಲಿರುವ ಅರಸನು ನೀವೇ. ನಿಮ್ಮನ್ನು ಬಿಡಿಸಲು ಭೂತಗಳೊಡನೆ ಹೋರಾಡುವವರು, ರೈಲಿನಲ್ಲಿಯೋ ಸಂತೆಯಲ್ಲಿಯೋ ನಿಮ್ಮ ಪಕ್ಕದಲ್ಲಿ ಸುಳಿದುಹೋದ, ನೀವು ಮುಖವನ್ನೂ ನೋಡದ ಜನ. ಋಣಾನುಬಂಧದ ತತ್ತ್ವವನ್ನು ಇಷ್ಟು ಲಘುವಾಗಿಯೂ ಇಷ್ಟು ನಿಷ್ಠೆಯಿಂದಲೂ ಆಟಿಕೆಯೊಂದರಲ್ಲಿ ಇಟ್ಟವರು ಬೇರೆ ಯಾರೂ ನನಗೆ ತಿಳಿಯರು. ತೋಕಿಯೊ ಒಸಾಕಾಗಳಂಥ ಒತ್ತೊತ್ತಾದ ನಗರಗಳಲ್ಲಿ ಹುಟ್ಟಬಹುದಾದ ಕಲ್ಪನೆ ಅದು; ಅಲ್ಲಿಯೇ ಚೆನ್ನಾಗಿ ಫಲಿಸಿತು.

ಈ ಗುಣಕ್ಕೆ ನಡುವೆ ಸರ್ವರಿನ ಎಣಿಕೆ ಬೇಕಾಗಿರಲಿಲ್ಲ. ಆದುದರಿಂದ ಕಂಪನಿಯು ಅದನ್ನು ನಿಲ್ಲಿಸಲೂ ಇಲ್ಲ. ಇಂದಿಗೂ ಎರಡು ಯಂತ್ರಗಳು ಹತ್ತಿರ ಬಂದರೆ ಅದು ನಡೆಯುತ್ತದೆ. ಜನರು ಯಂತ್ರವನ್ನು ಹೊತ್ತು ತಿರುಗುವುದನ್ನು ಬಿಟ್ಟರು, ಅಷ್ಟೆ. ನೋಡುವ ಶಕ್ತಿಯಿದ್ದೂ ನೋಟಕ್ಕೆ ವಿಷಯವಿಲ್ಲದಂತೆ, ಯಂತ್ರವು ಸಂಬಂಧಕ್ಕೆ ಸಿದ್ಧವಾಗಿದ್ದೂ ಎರಡನೆಯದಿಲ್ಲದೆ ಕೂತಿದೆ. ಅದ್ವಿತೀಯವಾಗಿರುವುದು ಬ್ರಹ್ಮಕ್ಕೆ ಮಹಿಮೆ. ಇದಕ್ಕೆ ಅದೇ ದುರ್ಗತಿ. ಹಳೆಯ ಅಭಿಮಾನಿಗಳು ಅಲ್ಲಲ್ಲಿ ಸಭೆ ಸೇರುವಾಗ ಯಂತ್ರವನ್ನು ಜೇಬಿನಲ್ಲಿಟ್ಟು ತರುವುದುಂಟೆಂದು ಕೇಳಿದ್ದೇನೆ. ಆದರೆ ಗೊತ್ತುಮಾಡಿಕೊಂಡು ಸೇರುವುದು ಬೇರೆ, ಆಕಸ್ಮಿಕವಾಗಿ ಹಾದುಹೋಗುವುದು ಬೇರೆ.

ಜಡವಸ್ತುವನ್ನು ಕುರಿತು ಇಷ್ಟೊಂದು ಚಿಂತೆ ಮೋಹವಲ್ಲವೆ ಎಂದು ಕೇಳುವವರಿಗೆ ಕ್ಯೋಟೊ ನಗರವೇ ಉತ್ತರ ಹೇಳೀತು. ಮುರೊಮಾಚಿ ಕಾಲದ ಒಂದು ಚಿತ್ರಸುರುಳಿಯ ಕಥೆಯಲ್ಲಿ, ನೂರು ವರ್ಷ ಬಾಳಿದ ಪಾತ್ರೆಪರಟಿಗಳಿಗೆ ಜೀವ ಬರುವುದೆಂದು ಅಂಜಿ ಜನರು ವರ್ಷಾಂತ್ಯದಲ್ಲಿ ಹಳೆಯ ಸಾಮಾನನ್ನು ಬೀದಿಗೆಸೆಯುವರು. ಇಷ್ಟು ಕಾಲ ಸೇವೆ ಮಾಡಿದ ನಮಗೆ ಇದೇ ಫಲವೆ ಎಂದು ಆ ಸಾಮಾನುಗಳು ಕೆರಳಿ, ದೈತ್ಯರಾಗಿ ಸೇಡು ತೀರಿಸಿಕೊಂಡು, ಕಡೆಗೆ ಪಶ್ಚಾತ್ತಾಪದಿಂದ ಶಿಂಗೊನ್ ಪಂಥದ ಬೌದ್ಧದೀಕ್ಷೆಯನ್ನು ಹೊಂದಿ ಬುದ್ಧತ್ವವನ್ನೇ ಪಡೆಯುವುವು. ಅದೇ ನಗರದ ಅರಾಶಿಯಾಮಾದಲ್ಲಿರುವ ಹೋರಿನ್‌ಜಿ ದೇವಾಲಯದಲ್ಲಿ, ಮುರಿದ ಹೊಲಿಗೆಯ ಸೂಜಿಗಳನ್ನು ಕೊನ್ಯಾಕು ಎಂಬ ಮೃದುವಾದ ಗಡ್ಡೆಯ ತಿನಿಸಿನಲ್ಲಿ ನೆಟ್ಟು, ಜೀವಮಾನವೆಲ್ಲ ಗಟ್ಟಿ ಬಟ್ಟೆಯನ್ನು ಚುಚ್ಚಿ ದಣಿದದ್ದಕ್ಕೆ ಕೊನೆಗಾಲದಲ್ಲಿ ಮೆತ್ತನೆಯ ಹಾಸಿಗೆಯೆಂದು, ಕೃತಜ್ಞತಾವಿಧಿಯನ್ನು ನಡೆಸುತ್ತಾರೆ. ಆ ದೇವಾಲಯದ ಆವರಣದಲ್ಲಿಯೇ ವಿದ್ಯುತ್ತಿನ ದೇವತೆಗೊಂದು ಗುಡಿಯೂ, ಎಡಿಸನ್ ಮತ್ತು ಹರ್ಟ್ಸ್ ಅವರ ಉಬ್ಬುಚಿತ್ರಗಳೂ ಇವೆ. ಆಯುಧಪೂಜೆಯಂದು ಕುಡುಗೋಲಿಗೂ ಲಾರಿಗೂ ಕುಂಕುಮವಿಡುವ ನಮಗೆ ಇದು ಅಪರಿಚಿತವಾದ ಭಾವವಲ್ಲ. ಆದರೆ ನಾವು ಪೂಜಿಸುವುದು ದುಡಿಯುತ್ತಿರುವ ಆಯುಧವನ್ನು, ಅವರು ನಮಿಸುವುದು ದುಡಿದು ಮುರಿದದ್ದಕ್ಕೆ. ಈ ಎರಡನೆಯದೇ ಹೆಚ್ಚಿನ ಸಂಸ್ಕಾರವೆಂದು ನನಗೆ ತೋರುತ್ತದೆ.

ಆದರೆ ಸೂಜಿಗೆ ಅಂತ್ಯವಿಧಿಯನ್ನು ನಡೆಸುವ ಅಧಿಕಾರವು ಹೊಲಿದವಳಿಗೆ ಉಂಟು. ಯಂತ್ರದೊಳಗಿನ ಆಟಕ್ಕೆ ಅದನ್ನು ನಡೆಸುವ ಅಧಿಕಾರವು ಕೊಂಡವನಿಗಿಲ್ಲ. ಅಂಗಡಿ ಮುಚ್ಚುವ ಮೊದಲು ಅಮೆರಿಕದ ಒಬ್ಬಾತನು, 3ಡಿಎಸ್ ಯಂತ್ರದ ಮತ್ತು ಅದರ ಒಡಹುಟ್ಟಾದ ಇನ್ನೊಂದು ಯಂತ್ರದ ಎರಡು ಸಾವಿರಕ್ಕೂ ಹೆಚ್ಚು ಆಟಗಳನ್ನು ಇಪ್ಪತ್ತೆರಡು ಸಾವಿರ ಡಾಲರಿಗೂ ಮೀರಿ ಖರ್ಚುಮಾಡಿ ಕೊಂಡಿಟ್ಟನು. ಅಪರಿಗ್ರಹವ್ರತದವರು ಇದನ್ನು ಕೇಳಿ ಕಿವಿ ಮುಚ್ಚಿಕೊಳ್ಳಬಹುದು. ಆದರೆ ಮುಂದಿನವರಿಗಾಗಿ ಕೂಡಿಡುವ ಕೆಲಸವು ಗ್ರಂಥಭಂಡಾರಗಳಿಗೆ ಕಷ್ಟಸಾಧ್ಯವಾದಾಗ ಲೋಭಿಯ ಚಾಳಿಯೇ ಧರ್ಮವಾಗಿ ಪರಿಣಮಿಸುವುದು. ಅಮೆರಿಕದಲ್ಲಿ ಪ್ರಕಟವಾದ ಹಳೆಯ ಆಟಗಳಲ್ಲಿ ನೂರಕ್ಕೆ ಎಂಬತ್ತೇಳರಷ್ಟು ಆಗ ಮಾರಾಟದಲ್ಲಿರಲಿಲ್ಲವೆಂದು 2023ರಲ್ಲಿ ಅಲ್ಲಿಯ ವಿಡಿಯೊ ಗೇಮ್ ಹಿಸ್ಟರಿ ಫೌಂಡೇಶನ್ ಲೆಕ್ಕಹಾಕಿತು. ಅಂಥವುಗಳನ್ನು ಗ್ರಂಥಾಲಯಗಳು ದೂರದ ಸಂಶೋಧಕರಿಗೆ ತೆರೆದಿಡಲು ಅನುಮತಿ ಕೊಡಬೇಕೆಂಬ ಮನವಿಯನ್ನು 2024ರ ಅಕ್ಟೋಬರಿನಲ್ಲಿ ಆ ದೇಶದ ಕೃತಿಸ್ವಾಮ್ಯ ಕಚೇರಿಯು ತಳ್ಳಿಹಾಕಿತು.

ಲಯಕರ್ತನಾದ ಈಶ್ವರನಿಗೂ ಕಂಪನಿಗೂ ಇರುವ ಅಂತರವು ಇಲ್ಲಿಯೇ. ಪ್ರಳಯವನ್ನು ವರ್ಣಿಸುವ ಪುರಾಣಗಳು ಬೀಜವನ್ನುಳಿಸಿಕೊಂಡ ದೋಣಿಯನ್ನೂ ಪುನಃಸೃಷ್ಟಿಯನ್ನೂ ಮರೆಯದೆ ವರ್ಣಿಸುತ್ತವೆ. ಸರ್ವರ್ ನಿಲ್ಲಿಸುವ ಪ್ರಕಟನೆಗಳಲ್ಲಿ ಅಂಥ ಅಧ್ಯಾಯವಿರುವುದಿಲ್ಲ. ತಯಾರಿಕೆಯನ್ನು ನಿಲ್ಲಿಸುವ ಹಕ್ಕು ತಯಾರಕನಿಗೆ ಉಂಟೆಂಬುದನ್ನು ನಾನು ಅಲ್ಲಗಳೆಯುವುದಿಲ್ಲ. ನಷ್ಟವನ್ನು ಹೊತ್ತು ಎಂದೆಂದಿಗೂ ದೀಪವನ್ನು ಉರಿಸುತ್ತಿರೆಂದು ಯಾರನ್ನೂ ಒತ್ತಾಯಿಸಲಾಗದು. ಆದರೆ ಎರಡನ್ನು ಎರಡೆಂದು ಎಣಿಸುವ ಬುದ್ಧಿಯು ಇಂಥವನದೇ ಆಗಿರಬೇಕೆಂಬ ನಿಯಮವಿಲ್ಲ. ನೀನು ಎಣಿಸದಿದ್ದರೆ ನಾನು ಎಣಿಸಿಯೇನು. ಪ್ರಿಟೆಂಡೊ ಎಂಬ ಹೆಸರಿನಲ್ಲಿ ಕೆಲವು ಸ್ವಯಂಸೇವಕರು, ನಿಂತುಹೋದ ಸರ್ವರುಗಳಿಗೆ ಬದಲಾಗಿ ತಾವೇ ಬರೆದ ಸರ್ವರುಗಳನ್ನು ನಡೆಸಿ, ಕೆಲವು ಆಟಗಳಲ್ಲಿ ಆ ಜೊತೆತನವನ್ನು ಮತ್ತೆ ಹುಟ್ಟಿಸುತ್ತಿದ್ದಾರೆ. ಎಣಿಸುವುದನ್ನು ಬಿಟ್ಟವನು ಎಣಿಸಲು ಬಂದವರಿಗೆ ಅಡ್ಡಬರಬಾರದು, ಸಾಧ್ಯವಾದರೆ ಲೆಕ್ಕದ ಪುಸ್ತಕವನ್ನೂ ಅವರ ಕೈಗೆ ಕೊಟ್ಟುಹೋಗಬೇಕು. ಇಷ್ಟು ತಯಾರಕನ ಧರ್ಮವೆಂದು ನನ್ನ ಅಭಿಪ್ರಾಯ.

ಕೊಂಡವರ ಧರ್ಮವೂ ಸ್ವಲ್ಪವಿದೆ. ಹಿಂದೆ ಹಣ ಕೊಟ್ಟು ಪಡೆದ ಆಟಗಳನ್ನು ಯಂತ್ರಕ್ಕೆ ಮರಳಿ ಇಳಿಸಿಕೊಳ್ಳುವ ಅವಕಾಶವನ್ನು ಕಂಪನಿಯು ಅಂಗಡಿ ಮುಚ್ಚಿದ ಮೇಲೆಯೂ ಉಳಿಸಿದೆ. ಅದು ಎಷ್ಟು ಕಾಲವೆಂದು ಗೊತ್ತುಪಡಿಸಿಲ್ಲ. ಲಿಥಿಯಂ ಬ್ಯಾಟರಿಯು ಪೂರ್ತಿ ಬರಿದಾಗಿ ಬಹುದಿನ ಬಿದ್ದಿದ್ದರೆ ಮತ್ತೆ ತುಂಬಿಕೊಳ್ಳದೆ ಹೋಗಬಹುದು. ಬೀರುವಿನಲ್ಲಿ ಈ ಯಂತ್ರವನ್ನಿಟ್ಟವರು ಆಟಗಳನ್ನು ಈಗಲೇ ಇಳಿಸಿಕೊಳ್ಳಲಿ. ಆರು ತಿಂಗಳಿಗೊಮ್ಮೆಯಾದರೂ ಚಾರ್ಜ್ ಮಾಡಲಿ.